ಅಳಿಸಲು ಹೇಳಿದ ಹೆಸರು

ಆ ಫೋನು ಕಾದ ಹಂಚಿನ ಹಾಗೆ ಬಿಸಿಯಾಗಿತ್ತು. ಹಿಮಾಯತ್‌ನಗರದ ನಮ್ಮ ಕಚೇರಿಯಲ್ಲಿ ಊಟ ಮುಗಿಸಿ ಡಬ್ಬಿ ಮುಚ್ಚುತ್ತಿದ್ದಾಗ ಮಂಗಳೂರು ಕಡೆಯ ಸಹೋದ್ಯೋಗಿಯೊಬ್ಬಳು ಅದನ್ನು ನನ್ನ ಕೈಗಿಟ್ಟಳು. ಹಳೆಯ ವಿಂಡೋಸ್ ಕಂಪ್ಯೂಟರಿನ ಆಟಗಳನ್ನು ಆಂಡ್ರಾಯ್ಡ್ ಫೋನಿನಲ್ಲಿ ಆಡುವ ಹುಚ್ಚು ಅವಳಿಗೆ. ಅದಕ್ಕೆಂದೇ ಎಮ್ಯುಲೇಟರ್ ಎಂಬ ಆ್ಯಪ್ ಇದೆ. ಅದು ಫೋನಿನೊಳಗೆ ಹಳೆಯ ಕಂಪ್ಯೂಟರಿನ ವೇಷ ಕಟ್ಟಿ ಕೂರುತ್ತದೆ, ಆಟಕ್ಕೆ ತಾನು ಎಲ್ಲಿದ್ದೇನೆಂದು ಗೊತ್ತೇ ಆಗುವುದಿಲ್ಲ. ಫೋನು ಮಾತ್ರ ಎರಡಾಳಿನ ಕೆಲಸ ಮಾಡಿ ಕಾಯುತ್ತದೆ.

"ಇದು ನೋಡಿ ಅಕ್ಕ, ನಿಮ್ಮ ಮಲ್ಕಾಜ್‌ಗಿರಿಯವರೇ ಮಾಡಿದ್ದಂತೆ ಮಾರಾಯ್ರೆ," ಎಂದಳು.

ಪರದೆಯ ಮೇಲೆ ಹಸಿರು ನೆಲ, ಬೂದು ಹಳಿಗಳು, ಒಂದು ಸಣ್ಣ ಕೆಂಪು ಇಂಜಿನು. ಕೂ ಎಂದು ಸಿಳ್ಳೆ. ಮೇಲ್ಗಡೆ ಇಂಗ್ಲಿಷ್ ಅಕ್ಷರದಲ್ಲಿ ಆ ಲೆವೆಲ್ಲಿನ ಹೆಸರು: ‘ಹಾಲು ಉಕ್ಕಿತು’. ಕೆಳಗೆ, ಮಾಡಿದವರು ಯಾರು ಎಂಬ ಜಾಗದಲ್ಲಿ, ಒಬ್ಬ ಗಂಡಸಿನ ಹೆಸರು, ಎರಡು ಇನಿಷಿಯಲ್ ಸಮೇತ. ಆ ಹೆಸರನ್ನು ಅಲ್ಲಿ ಟೈಪ್ ಮಾಡಿದವಳು ನಾನೇ, ಹದಿಮೂರನೆಯ ವಯಸ್ಸಿನಲ್ಲಿ. ನನಗೆ ಮೈಯೆಲ್ಲ ಉರಿಯಿತು. ಸಹೋದ್ಯೋಗಿ ಪಾಪ, ಏನಾಯಿತು ಎಂದು ಎರಡು ಸಲ ಕೇಳಿದಳು.

ಆ ಲೆವೆಲ್ ಕಟ್ಟಿದವರು ವೈನಿ. ವೈನಿ ಎಂದರೆ ನಮ್ಮ ಯಾದಗಿರಿ ಕಡೆ ಅತ್ತಿಗೆ. ಮಲ್ಕಾಜ್‌ಗಿರಿಯ ರೈಲ್ವೆ ಕ್ವಾರ್ಟರ್ಸಿನ ಎರಡನೆಯ ಮಹಡಿಯಲ್ಲಿ ನಮ್ಮದು ಒಂದು ಬಾಗಿಲು, ಎದುರಿಗೆ ಅವರದು ಇನ್ನೊಂದು. ಅಪ್ಪ ಟಿಕೆಟ್ ಬುಕಿಂಗಿನಲ್ಲಿ ಕೆಲಸಕ್ಕಿದ್ದರು. ವೈನಿ ಶಹಾಬಾದಿನಿಂದ ಮದುವೆಯಾಗಿ ಬಂದವರು. ಅವ್ವನೂ ಅವರನ್ನು ವೈನಿ ಅಂದಳು, ನಾನೂ ಅಂದೆ, ಕೆಳಗಿನ ಮನೆಯ ತೆಲುಗು ಹೆಂಗಸರು ‘ವೈನಿಗಾರು’ ಅಂದರು. ಮಕ್ಕಳಿರಲಿಲ್ಲ. ಅವರ ಗಂಡ ಗೂಡ್ಸ್ ಗಾಡಿಯ ಗಾರ್ಡ್. ಆಗ ಅವನನ್ನು ನಾನು ಕಾಕಾ ಎನ್ನುತ್ತಿದ್ದೆ, ‘ರಿ’ ಹಚ್ಚದೆ ಮಾತಾಡುತ್ತಿರಲಿಲ್ಲ. ಈ ಬರಹದಲ್ಲಿ ಅವನಿಗೆ ಬಹುವಚನ ಬರೆಯಲು ನನ್ನ ಕೈ ಏಳುತ್ತಿಲ್ಲ. ಓದುವವರು ನನ್ನನ್ನು ಸಂಸ್ಕಾರವಿಲ್ಲದವಳು ಅಂದುಕೊಂಡರೂ ಚಿಂತೆಯಿಲ್ಲ.

ಗಾರ್ಡ್ ಕಂಪ್ಯೂಟರ್ ತಂದದ್ದು ಸಹೋದ್ಯೋಗಿಯೊಬ್ಬನ ಮನೆಯಲ್ಲಿ ನೋಡಿ ಬಂದ ಹೊಟ್ಟೆಕಿಚ್ಚಿಗೆ. ಒಂದು ತಿಂಗಳು ಅದರಲ್ಲಿ ಇಸ್ಪೀಟು ಆಡಿದ. ಆಮೇಲೆ ಬೇಸರವಾಗಿ, ಅದಕ್ಕೊಂದು ಕಸೂತಿ ಬಟ್ಟೆ ಹೊದಿಸಿ, ಆಯುಧಪೂಜೆಯ ದಿನ ಕುಂಕುಮ ಹಚ್ಚಿ, ಬಂದವರಿಗೆಲ್ಲ ತೋರಿಸಿದ. ಮಾರಿದವನು ಜೊತೆಗೆ ಕೊಟ್ಟ ಸಿ.ಡಿ.ಯಲ್ಲಿ ಈ ರೈಲಿನ ಆಟ ಇತ್ತು. ಯಾರ್ಡಿನಲ್ಲಿ ಚೆಲ್ಲಾಪಿಲ್ಲಿಯಾಗಿ ನಿಂತ ಡಬ್ಬಿಗಳನ್ನು ಇಂಜಿನಿನಿಂದ ಎಳೆದು, ತಳ್ಳಿ, ಒಂದು ಹಳಿಯಿಂದ ಇನ್ನೊಂದಕ್ಕೆ ಸರಿಸಿ, ಹೇಳಿದ ಕ್ರಮದಲ್ಲಿ ಜೋಡಿಸಬೇಕು. ರೈಲ್ವೆಯವರು ಶಂಟಿಂಗ್ ಅನ್ನುತ್ತಾರಲ್ಲ, ಅದೇ.

ಶಾಲೆ ಬಿಟ್ಟು ಬಂದ ಮೇಲೆ ನಾನು ಅವರ ಮನೆಯಲ್ಲಿ ಅದನ್ನು ಆಡುತ್ತಿದ್ದೆ. ಒಂದು ದಿನ ವೈನಿ ರೊಟ್ಟಿ ಬಡಿಯುವ ಕೈಯಲ್ಲೇ ಬಂದು ನನ್ನ ಹಿಂದೆ ನಿಂತರು. ಅವರ ಕೈಯ ಜೋಳದ ಹಿಟ್ಟು ನನ್ನ ಹೆಗಲಿನ ಮೇಲೆ ಉದುರಿತು.

"ಅಯ್ಯ ತಂಗಿ, ಇದು ನಮ್ಮ ಕಿಟಕ್ಯಾಗ ಕಾಣೂದ ಐತಲ್ಲ!" ಅಂದರು.

ಹೌದು, ಅವರ ಅಡುಗೆಮನೆಯ ಕಿಟಕಿಯಿಂದ ಯಾರ್ಡು ಹಾಗೆಯೇ ಕಾಣುತ್ತಿತ್ತು, ಮೇಲಿನಿಂದ, ಆಟದಲ್ಲಿ ಕಾಣುವ ಹಾಗೆ. ಹನ್ನೊಂದು ವರ್ಷ ಒಲೆಯ ಮುಂದೆ ನಿಂತು ಅವರು ಅದನ್ನೇ ನೋಡಿದ್ದರು. ಯಾವ ಡಬ್ಬಿಯನ್ನು ಎಲ್ಲಿ ಕಳಚುತ್ತಾರೆ, ಇಂಜಿನು ಯಾಕೆ ಸುತ್ತಿ ಹಿಂದಿನಿಂದ ಬರುತ್ತದೆ, ಯಾವ ಹಳಿ ತುಂಬಿದರೆ ಯಾವುದು ಸಿಕ್ಕಿಬೀಳುತ್ತದೆ, ಎಲ್ಲ ಅವರಿಗೆ ಬಾಯಿಪಾಠ. ಗಾರ್ಡ್ ಕೂರುವುದು ಗಾಡಿಯ ಕಟ್ಟಕಡೆಯ ಡಬ್ಬಿಯಲ್ಲಿ. ಹಸಿರು ಬಾವುಟ ತೋರಿಸುವವನಿಗೆ ತನ್ನ ಹಿಂದೆ ಸರಿದುಹೋಗುವ ಹಳಿ ಬಿಟ್ಟು ಬೇರೇನು ಕಂಡೀತು? ಯಾರ್ಡನ್ನು ಪೂರ್ತಿ ಕಂಡವರು ವೈನಿ.

ಆಟದಲ್ಲಿ ಮೊದಲೇ ಇದ್ದ ಲೆವೆಲ್‌ಗಳನ್ನೆಲ್ಲ ಅವರು ಎರಡು ವಾರದಲ್ಲಿ ಮುಗಿಸಿ ಮೂಗು ಮುರಿದರು. ಇದನ್ನು ಮಾಡಿದವನು ಯಾರ್ಡನ್ನೇ ನೋಡಿಲ್ಲ ಎಂಬುದು ಅವರ ತೀರ್ಪು. ಹೊಸ ಲೆವೆಲ್ ಕಟ್ಟಲು ಆಟದಲ್ಲೇ ಒಂದು ಎಡಿಟರ್ ಇತ್ತು. ಅದನ್ನು ಹೇಗೆ ತೆರೆಯುವುದೆಂದು ನಾನು ತೋರಿಸಿಕೊಟ್ಟೆ. ನಾನು ಕಲಿಸಿದ್ದು ಅಷ್ಟೇ. ಮುಂದಿನದೆಲ್ಲ ಅವರೇ ಕಲಿತದ್ದು.

ಅವರು ಕೆಲಸ ಮಾಡುವ ರೀತಿಯೇ ಬೇರೆ. ಮೊದಲು ಮೊರದ ಮೇಲೆ ಜೋಳದ ದಂಟಿನ ಸಿಬರುಗಳನ್ನು ಹಳಿಗಳಂತೆ ಇಡುತ್ತಿದ್ದರು. ಶೇಂಗಾ ಕಾಳು ಎಣ್ಣೆ ಟ್ಯಾಂಕರು, ಅವರೆಕಾಳು ಕಲ್ಲಿದ್ದಲ ಡಬ್ಬಿ, ಹುಣಸೆಬೀಜ ಇಂಜಿನು. ಅಕ್ಕಿ ಆರಿಸುವವರ ಹಾಗೆ ಗೋಡೆಗೊರಗಿ ಕೂತು ಬೆರಳಿನಿಂದ ಸರಿಸುತ್ತ ಸರಿಸುತ್ತ... ಬಂದವರು ಕಾಳು ಹಸನು ಮಾಡುತ್ತಿದ್ದಾರೆ ಅಂದುಕೊಳ್ಳುತ್ತಿದ್ದರು. ಮೊರದ ಮೇಲೆ ಸರಿಬಂದ ಮೇಲೆ ಕಂಪ್ಯೂಟರಿಗೆ. ನಂತರ ನನ್ನನ್ನು ಕೂರಿಸಿ ಆಡಿಸುವುದು. ನಾನು ಬೇಗ ಬಿಡಿಸಿಬಿಟ್ಟರೆ ಅವರ ಮುಖ ಸಣ್ಣದಾಗುತ್ತಿತ್ತು, ಅದನ್ನು ಕಿತ್ತುಹಾಕಿ ಮತ್ತೆ ಮೊರ ಹಿಡಿಯುತ್ತಿದ್ದರು. ಒಂದು ಲೆವೆಲ್ಲಿಗೆ ನಾನು ಹನ್ನೊಂದು ದಿನ ತಿಣುಕಿದ್ದೇನೆ. ಆಗ ಅವರಿಗಾದ ಸಂತೋಷ ಹೇಳತೀರದು, ನನಗೆ ಎರಡು ಹೋಳಿಗೆ ಹೆಚ್ಚು ಬಡಿಸಿದರು.

ಲೆವೆಲ್‌ಗಳಿಗೆ ಇಟ್ಟ ಹೆಸರೂ ಅವರದೇ. ಆ ದಿನ ಮನೆಯಲ್ಲಿ ಏನಾಯಿತೋ ಅದೇ ಹೆಸರು. ‘ಹಾಲು ಉಕ್ಕಿತು’, ‘ನಳ ಬರಲಿಲ್ಲ’, ‘ಸಿಲಿಂಡರ್ ಮುಗೀತು’, ‘ಕರೆಂಟ್ ಹೋತು’. ಕನ್ನಡವನ್ನೇ ಇಂಗ್ಲಿಷ್ ಅಕ್ಷರದಲ್ಲಿ ಒಂದೊಂದಾಗಿ ಹುಡುಕಿ ಒತ್ತುತ್ತಿದ್ದರು. ಯಾವ ಗಂಡಸು ತನ್ನ ಆಟಕ್ಕೆ ‘ಹಾಲು ಉಕ್ಕಿತು’ ಎಂದು ಹೆಸರಿಟ್ಟಾನು ಹೇಳಿ. ಉಕ್ಕಿದ ಹಾಲನ್ನು ಒರೆಸಿ ಗೊತ್ತಿದ್ದರೆ ತಾನೆ?

ಮೊದಲ ಲೆವೆಲ್ಲಾದ ‘ಹಾಲು ಉಕ್ಕಿತು’ ಉಳಿಸುವಾಗಲೇ ಎಡಿಟರ್, ಇದನ್ನು ಮಾಡಿದವರ ಹೆಸರು ಕೇಳಿತ್ತು. ನಾನು ಕೀಬೋರ್ಡಿನ ಮುಂದೆ ಕೂತಿದ್ದೆ.

"ವೈನಿ, ಯಾರು ಮಾಡಿದ್ದು ಅಂತ ಹೆಸರು ಕೇಳಾಕತ್ತೈತಿ," ಅಂದೆ.

"ಇವರದ್ದ ಹಾಕು," ಅಂದರು, ಯೋಚಿಸದೆ. ಕ್ವಾರ್ಟರ್ಸು ಅವನ ಹೆಸರಿನಲ್ಲಿ, ಗ್ಯಾಸು ಅವನ ಹೆಸರಿನಲ್ಲಿ, ರೇಷನ್ ಕಾರ್ಡು ಅವನ ಹೆಸರಿನಲ್ಲಿ. ಮನೆಯಲ್ಲಿ ಯಾವ ಖಾಲಿ ಜಾಗ ಹೆಸರು ಕೇಳಿದರೂ ಉತ್ತರ ಒಂದೇ ಎಂದು ಅವರಿಗೆ ರೂಢಿಯಾಗಿತ್ತು. ಆದರೆ ಆ ಹೆಸರನ್ನು ಬಾಯಿಬಿಟ್ಟು ಹೇಳುವಂತಿಲ್ಲ, ಗಂಡನ ಹೆಸರು ಹೇಳಿದರೆ ಆಯುಷ್ಯ ಕಡಿಮೆಯಾಗುತ್ತದಂತೆ. ಒಳಗೆ ಹೋಗಿ ಗ್ಯಾಸಿನ ಪುಸ್ತಕ ತಂದು ನನ್ನ ಮುಂದೆ ಹಿಡಿದರು. ಅದರಲ್ಲಿದ್ದಂತೆಯೇ, ಇನಿಷಿಯಲ್ಲು ಚುಕ್ಕಿ ಯಾವುದನ್ನೂ ಬಿಡದೆ, ಹೊಡೆದೆ. ದಡ್ಡಿ ನಾನು, ಸ್ಪೆಲ್ಲಿಂಗ್ ತಪ್ಪಾಗಬಾರದೆಂದು ಎರಡು ಸಲ ಓದಿ ನೋಡಿದೆ. ಅಲ್ಲಿಂದ ಮುಂದೆ ವೈನಿ ಕಟ್ಟಿದ ಪ್ರತಿಯೊಂದಕ್ಕೂ ಎಡಿಟರ್ ಆ ಹೆಸರನ್ನು ತಾನಾಗಿಯೇ ಹಚ್ಚುತ್ತ ಹೋಯಿತು. ಒಟ್ಟು ನಲವತ್ತೆರಡು.

ಮೂರನೆಯ ವರ್ಷದ ದಸರೆಗೆ ಗಾರ್ಡಿನ ಜೊತೆಯವರು ಬನ್ನಿ ಕೊಡಲು ಬಂದರು. ನಾನೂ ಅವ್ವನ ಜೊತೆ ಹೋಗಿದ್ದೆ. ಅವರಲ್ಲೊಬ್ಬರಿಗೆ ಕಂಪ್ಯೂಟರ್ ಗೊತ್ತಿತ್ತು. ಕಸೂತಿ ಬಟ್ಟೆ ತೆಗೆಸಿ, ಆಟ ಹಚ್ಚಿ ನೋಡಿದವರು ಬೆರಗಾದರು. ಇದು ನಮ್ಮ ಯಾರ್ಡೇ, ಇಂಥದ್ದು ರೈಲ್ವೆಯವರಿಗಲ್ಲದೆ ಬೇರೆಯವರಿಗೆ ಸಾಧ್ಯವೇ ಇಲ್ಲ ಎಂದು ಹೇಳಿ, ಕೆಳಗಿದ್ದ ಹೆಸರು ಓದಿ, "ನೀವ ಮಾಡೀರೇನ್ರಿ ಸಾಹೇಬ್ರ?" ಎಂದು ಕೇಳಿದರು.

ಗಾರ್ಡ್ ಪರದೆ ನೋಡಿದ. ಬಾಗಿಲಲ್ಲಿ ಚಹದ ತಟ್ಟೆ ಹಿಡಿದು ನಿಂತಿದ್ದ ವೈನಿಯನ್ನು ನೋಡಿದ. ಅಲ್ಲಿಯವರೆಗೂ ಅದರಲ್ಲಿ ತನ್ನ ಹೆಸರಿದೆ ಎಂಬುದೂ ಅವನಿಗೆ ಗೊತ್ತಿರಲಿಲ್ಲ, ನಾನು ಆಣೆ ಮಾಡಿ ಹೇಳುತ್ತೇನೆ.

"ಹೂಂ... ಡ್ಯೂಟಿ ಇಲ್ಲದಾಗ ಸುಮ್ನ ಟೈಂಪಾಸ್," ಅಂದ.

ಎಲ್ಲರೂ ಅವನ ಬೆನ್ನು ತಟ್ಟಿದರು. ವೈನಿ ಚಹ ಕೊಟ್ಟರು. ನಾನು ಬನ್ನಿ ಎಲೆ ಹಿಡಿದುಕೊಂಡು ನಿಂತೆ. ಗೆದ್ದಲು ಕಟ್ಟಿದ ಹುತ್ತಕ್ಕೆ ಹಾವು ಒಡೆಯನಾದದ್ದನ್ನು ಕಣ್ಣಾರೆ ಕಂಡವರು ಆ ಕೋಣೆಯಲ್ಲಿ ಇಬ್ಬರೇ, ಇಬ್ಬರೂ ಸುಮ್ಮನಿದ್ದೆವು.

ಅವರೆಲ್ಲ ಹೋದ ಮೇಲೆ ಅಡುಗೆಮನೆಯಲ್ಲಿ ಕಪ್ಪು ತೊಳೆಯುತ್ತ, ನನ್ನ ಮುಖ ನೋಡದೆ ವೈನಿ ಕೇಳಿದರು.

"ಅದನ್ನ ಅಳಸಾಕ ಬರತೈತೇನು ತಂಗಿ?"

ಬರುತ್ತದೆ, ನೀವೇ ಅಳಿಸಬಹುದು, ಅಕ್ಷರ ಅಳಿಸುವ ಕೀಲಿ ನಿಮಗೆ ಗೊತ್ತೇ ಇದೆಯಲ್ಲ ಅಂದೆ. ಅವರು ತಲೆ ಅಲ್ಲಾಡಿಸಿದರು.

"ಇವರ ಹೆಸರು ನನ್ನ ಕೈಲೆ ಅಳಸಬಾರದವಾ. ನೀ ಅಳಸು. ಏನ್ ಹಾಕಬೇಕಂತ ಆಮ್ಯಾಲ ಹೇಳತೀನಿ."

ಬಾಯಲ್ಲಿ ಹೇಳಬಾರದ ಹೆಸರು, ಕೈಯಲ್ಲಿ ಅಳಿಸಲೂಬಾರದು. ಈಗ ಬರೆಯುವಾಗ ಹಲ್ಲು ಕಡಿಯುವ ಹಾಗಾಗುತ್ತದೆ, ಆಗ ನನಗೆ ಅದು ಸಹಜವಾಗಿಯೇ ಕಂಡಿತ್ತು. ಒಂದೊಂದೇ ಲೆವೆಲ್ ತೆರೆದು, ಹೆಸರು ಬದಲಿಸಿ, ಉಳಿಸಬೇಕು. ನಲವತ್ತೆರಡು ಸಲ. ಅರ್ಧ ದಿನದ ಕೆಲಸ. ಮುಂದಿನ ಐತವಾರ ಬರುತ್ತೇನೆ ಅಂದೆ.

ಹೋಗಲಿಲ್ಲ. ಆ ಐತವಾರ ಟ್ಯೂಷನ್ ಇತ್ತು, ಅದರ ಮುಂದಿನದು ಗೆಳತಿಯ ಮನೆ. ಹತ್ತನೆಯ ಇಯತ್ತೆ ಮುಗಿಸಿ ಕಾಲೇಜು ಸೇರಿದ ಮೇಲಂತೂ ನಾನು ಮಹಾ ದೊಡ್ಡವಳಾಗಿಬಿಟ್ಟೆ, ಡಬ್ಬಿ ತಳ್ಳುವ ಆಟ ನನ್ನ ಘನತೆಗೆ ಕಡಿಮೆ. ವೈನಿ ಮೆಟ್ಟಿಲ ಮೇಲೆ ಸಿಕ್ಕಾಗ ಕೇಳುತ್ತಿದ್ದರು. ಒಮ್ಮೆ, ಎರಡು ಸಲ... ಆಮೇಲೆ ಬಾಯಿಬಿಟ್ಟು ಕೇಳುವುದನ್ನು ಬಿಟ್ಟು ಬರೀ ನೋಡುತ್ತಿದ್ದರು. ಒಂದು ದಿನ ನಲವತ್ತೆರಡನ್ನೂ ಒಂದು ಫ್ಲಾಪಿಗೆ ಹಾಕಿ, ಫ್ಲಾಪಿಗೆ ಕುಬಸದ ತುಂಡಿನಲ್ಲಿ ಚೀಲ ಹೊಲಿದು, ನಮ್ಮ ಮನೆಗೇ ತಂದುಕೊಟ್ಟರು. ಕಾಲೇಜಿನಲ್ಲಿ ಕಂಪ್ಯೂಟರ್ ಇರುತ್ತದಲ್ಲ, ಅಲ್ಲೇ ಕೂತು ಮಾಡು ಎಂದು.

ಬನ್ನಿಯ ಆ ದಿನದಿಂದ ಅವರು ಹೊಸದೊಂದನ್ನೂ ಕಟ್ಟಿರಲಿಲ್ಲ. ಇದನ್ನು ನಾನು ದಪ್ಪ ಅಕ್ಷರದಲ್ಲಿ ಬರೆಯಬೇಕು. ಕಟ್ಟಿದರೆ ಮತ್ತೆ ಅದೇ ಹೆಸರು ಬಂದು ಕೂರುತ್ತದೆ. ಅದಕ್ಕೆ ಕೈಕಟ್ಟಿ ಕೂತಿದ್ದರು. ಮೊರದಲ್ಲಿ ಮತ್ತೆ ಬರೀ ಅಕ್ಕಿ.

ನಾನು ಆ ಫ್ಲಾಪಿಯನ್ನು ಏನು ಮಾಡಿದೆ ಗೊತ್ತೇ? ಗೆಳತಿಯರ ಮುಂದೆ ಜಂಬ ಕೊಚ್ಚಲು ಒಂದು ನೆಟ್ ಸೆಂಟರಿನಲ್ಲಿ ಕೂತು, ಹಳೆಯ ಆಟಗಳನ್ನು ಕೂಡಿಡುವ ಯಾವುದೋ ಜಾಲತಾಣಕ್ಕೆ, ಊರು ಮಲ್ಕಾಜ್‌ಗಿರಿ ಎಂದೂ ಬರೆದು, ಇದ್ದದ್ದನ್ನು ಇದ್ದ ಹಾಗೆಯೇ ಏರಿಸಿಬಿಟ್ಟೆ. ಹೆಸರು ಆಮೇಲೆ ತಿದ್ದಿದರಾಯಿತು ಅಂದುಕೊಂಡೆ. ನಾನು ಈಗ ಕಟ್ಟಡಗಳ ನಕ್ಷೆ ಬಿಡಿಸುವವಳು. ನಕ್ಷೆಯ ಮೂಲೆಯಲ್ಲಿ ಬಿಡಿಸಿದವರ ಹೆಸರಿಗೊಂದು ಚೌಕ ಇರುತ್ತದೆ. ಒಮ್ಮೆ ಒಬ್ಬ ಹಿರಿಯ ಅದರಲ್ಲಿ ನನ್ನ ಹೆಸರು ತೆಗೆದು ತನ್ನದು ಹಾಕಿದಾಗ ಕಚೇರಿಯಲ್ಲಿ ಕುರುಕ್ಷೇತ್ರವನ್ನೇ ಮಾಡಿದ್ದೆ. ನನ್ನ ಹೆಸರಿಗೆ ಅಷ್ಟು ರೋಷ. ವೈನಿಯ ಹೆಸರಿಗೆ ಅರ್ಧ ದಿನ ಸಿಗಲಿಲ್ಲ.

ಗಾರ್ಡ್ ಸ್ವಂತ ಮನೆ ಕಟ್ಟಿಸಿ ಬೇರೆ ಕಡೆ ಹೋದ. ವೈನಿ ತೀರಿಕೊಂಡು ಎಂಟು ವರ್ಷ. ನನಗೆ ಸುದ್ದಿ ತಿಳಿದದ್ದು ತಿಂಗಳು ಕಳೆದ ಮೇಲೆ.

ಸಹೋದ್ಯೋಗಿ ಫೋನು ತೋರಿಸಿದ ಆ ವಾರವೇ ಅವ್ವನಿಗೆ ಒಂದು ಕರೆ ಬಂತು. ಹಳೆಯ ರೈಲ್ವೆಯವರೆಲ್ಲ ಸೇರಿ ಗಾರ್ಡನ್ನು ಸನ್ಮಾನಿಸುತ್ತಾರಂತೆ. ಅವನು ಮಾಡಿದ ಆಟವನ್ನು ಎಲ್ಲೆಲ್ಲಿಯವರೋ ಫೋನಿನಲ್ಲಿ ಆಡುತ್ತಾರೆಂದು ಯಾರೋ ಅವರಿಗೆ ತೋರಿಸಿದ್ದರು. ನಾನು ಹೋದೆ. ಸಿಟ್ಟಿನಿಂದಲೇ ಹೋದೆ.

ಶಾಲು, ಹಾರ, ಹಣ್ಣಿನ ಬುಟ್ಟಿ. ನಿರೂಪಕರು ತೆಲುಗಿನಲ್ಲಿ ಒಂದು ಸಲ, ಹಿಂದಿಯಲ್ಲಿ ಒಂದು ಸಲ ಹೊಗಳಿದರು. ಗೋಡೆಯ ಮೇಲೆ ದೊಡ್ಡದಾಗಿ ‘ಹಾಲು ಉಕ್ಕಿತು’ ಬಂತು. ಗಾರ್ಡ್ ಮೈಕು ಹಿಡಿದು, ಗೃಹಪ್ರವೇಶದಲ್ಲಿ ಹಾಲು ಉಕ್ಕಿಸುತ್ತೇವಲ್ಲ, ಶುಭವಾಗಲಿ ಎಂದು ಆ ಹೆಸರಿಟ್ಟೆ ಅಂದ. ಜನ ಚಪ್ಪಾಳೆ ತಟ್ಟಿದರು. ಯಾರದೋ ದುಡ್ಡು, ಎಲ್ಲಮ್ಮನ ಜಾತ್ರೆ! ಅಂದು ಹಾಲು ಉಕ್ಕಿದ್ದು ಒಲೆಯ ಮೇಲೆ, ವೈನಿ ಕಿಟಕಿಯಲ್ಲಿ ಇಂಜಿನು ನೋಡುತ್ತ ಮೈಮರೆತದ್ದಕ್ಕೆ. ಸಂಜೆ ಇದೇ ಮನುಷ್ಯ ಅದಕ್ಕಾಗಿ ಅವರನ್ನು ಕ್ವಾರ್ಟರ್ಸಿಗೆಲ್ಲ ಕೇಳುವಂತೆ ಬೈದಿದ್ದ.

ಕಾರ್ಯಕ್ರಮ ಮುಗಿದ ಮೇಲೆ ಎದುರಿಗೆ ಹೋಗಿ ನಿಂತೆ. "ಅದು ವೈನಿ ಮಾಡಿದ್ದು. ನಿಮಗೂ ಗೊತ್ತೈತಿ, ನನಗೂ ಗೊತ್ತೈತಿ," ಅಂದೆ.

ಅವನು ಗಾಬರಿಯಾಗಲಿಲ್ಲ. ನಕ್ಕ. ಮುಪ್ಪಿನ ಕೈಯನ್ನು ನನ್ನ ತಲೆಯ ಮೇಲಿಟ್ಟ.

"ಆಕಿ ಬ್ಯಾರೆ, ನಾ ಬ್ಯಾರೆ ಏನವಾ?"

ಆಶೀರ್ವಾದ ಮಾಡುವವನ ಹಾಗೆ ಇಟ್ಟ ಆ ಕೈಯನ್ನು ತಳ್ಳಿಬಿಟ್ಟೆ. ಸುತ್ತಲಿದ್ದವರು ನನ್ನನ್ನೇ ಕೆಟ್ಟದಾಗಿ ನೋಡಿದರು. ಅವ್ವ ನನ್ನ ರಟ್ಟೆ ಹಿಡಿದು ಹೊರಗೆ ಎಳೆದುಕೊಂಡು ಬಂದಳು.

ಮರುದಿನ ಐತವಾರ. ಮಧ್ಯಾಹ್ನ ಊಟ ಬಿಟ್ಟು ಫೋನು ಹಿಡಿದು ಕೂತೆ. ಎಮ್ಯುಲೇಟರ್ ಹಾಕಿಕೊಂಡು, ಜಾಲತಾಣದಿಂದ ಆಟ ಇಳಿಸಿಕೊಂಡು ಹಚ್ಚಿದರೆ ಮೊದಲ ಸಲ ಬರೀ ಕಪ್ಪು ಪರದೆ. ಎರಡನೆಯ ಸಲ ಸಿಳ್ಳೆ ಕೇಳಿತು, ಚಿತ್ರ ಬರಲಿಲ್ಲ. ಸಹೋದ್ಯೋಗಿಗೆ ಫೋನು ಮಾಡಿ, ಅವಳು ಹೇಳಿದಂತೆ ಪರದೆಯ ಅಳತೆಯನ್ನು ಹಳೆಯ ಕಾಲದ್ದಕ್ಕೆ ಇಳಿಸಿ, ಬಣ್ಣ ಕಡಿಮೆ ಮಾಡಿ, ಏನೇನೋ ಬದಲಿಸಿದ ಮೇಲೆ ಹಸಿರು ನೆಲ ಕಂಡಿತು. ಮೌಸಿನ ಬದಲು ಬೆರಳು. ಎಡಿಟರಿನ ಗುಂಡಿಗಳು ಸಾಸಿವೆಯಷ್ಟು ಸಣ್ಣವು, ಒಂದನ್ನು ಒತ್ತಿದರೆ ಪಕ್ಕದ್ದು ಒತ್ತುತ್ತಿತ್ತು. ಹಾಗೂ ಹೀಗೂ ‘ಹಾಲು ಉಕ್ಕಿತು’ ತೆರೆದು, ಆ ಹೆಸರಿನ ಕೊನೆಗೆ ಬೆರಳಿಟ್ಟು, ಒಂದೊಂದೇ ಅಕ್ಷರ ಅಳಿಸಿದೆ. ಸಮಾಧಾನವಾಗಬೇಕಿತ್ತು. ಖಾಲಿ ಜಾಗದಲ್ಲಿ ಗೆರೆಯೊಂದು ಮಿಣುಕುತ್ತ ನಿಂತಿತು, ನನ್ನ ಬೆರಳೂ ನಿಂತಿತು.

"ಅವ್ವಾ, ವೈನಿ ಹೆಸರೇನು?"

ಅವ್ವ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಒಳಗಿನಿಂದ ಬಂದಳು. "ವೈನಿ ಅಂತಿದ್ವಿ... ಗಾರ್ಡ್ ಸಾಹೇಬ್ರ ಮನಿಯವರು ಅಂತಿದ್ವಿ..." ಮುಂದೆ ಅವಳಿಗೂ ಏನೂ ಹೊಳೆಯಲಿಲ್ಲ. ಹದಿನಾಲ್ಕು ವರ್ಷ ಎದುರು ಬಾಗಿಲಿನಲ್ಲಿ ಇದ್ದವರು ನಾವು. ಏನು ಹಾಕಬೇಕೆಂದು ಆಮೇಲೆ ಹೇಳುತ್ತೇನೆ ಎಂದಿದ್ದರಲ್ಲ, ನಾನು ಆಗಲೇ ಅಳಿಸಿಕೊಟ್ಟಿದ್ದರೆ ಹೇಳುತ್ತಿದ್ದರು.

ಕೊನೆಗೆ ಅವ್ವನ ಫೋನಿನಿಂದ ಅವನಿಗೇ ಮಾಡಬೇಕಾಯಿತು. ಅದಕ್ಕಿಂತ ದೊಡ್ಡ ಅವಮಾನ ನನಗಿನ್ನೊಂದಿಲ್ಲ. ಅವನು ಒಂದು ಹೆಸರು ಹೇಳಿದ. ಮದುವೆಯ ದಿನ, ಹೆಂಡತಿಗೆ ಗಂಡ ಹೊಸ ಹೆಸರಿಡುವ ಪದ್ಧತಿಯಂತೆ, ತಟ್ಟೆಯ ಅಕ್ಕಿಯಲ್ಲಿ ಉಂಗುರದಿಂದ ತಾನೇ ಬರೆದು ಇಟ್ಟ ಹೆಸರು ಅದು ಎಂದು ಹೆಮ್ಮೆಯಿಂದ ಸೇರಿಸಿದ. ಅದಕ್ಕೆ ಮುಂಚೆ ಅವರ ಹೆಸರೇನಿತ್ತು ಎಂದು ಕೇಳಿದೆ.

"ತವರಮನ್ಯಾಗ ಏನೋ ಕರೀತಿದ್ರು... ನೆನಪಿಲ್ಲ ನೋಡವಾ. ಈಗ್ಯಾಕ ಅದು?"

ತವರಿನಲ್ಲಿ ಈಗ ಯಾರೂ ಉಳಿದಿಲ್ಲ ಎಂದೂ ಅವನೇ ಹೇಳಿದ. ಫೋನಿಟ್ಟೆ. ಅವನು ಕೊಟ್ಟ ಹೆಸರನ್ನು ಮತ್ತೆ ಆ ಜಾಗದಲ್ಲಿ ಹಾಕಲಾರೆ, ಇಲ್ಲಿಯೂ ಬರೆಯಲಾರೆ. ಅವನದೊಂದನ್ನು ಅಳಿಸಿ ಅವನದೇ ಇನ್ನೊಂದನ್ನು ಕೂರಿಸಿದರೆ ಏನು ಬಂತು? ಖಾಲಿ ಬಿಡೋಣವೆಂದರೆ ಎಡಿಟರ್ ಒಪ್ಪಲಿಲ್ಲ, ಏನಾದರೊಂದು ಹೆಸರು ಬೇಕೇ ಬೇಕಂತೆ.

ಇಂಗ್ಲಿಷ್ ಅಕ್ಷರದಲ್ಲಿ ‘ವೈನಿ’ ಎಂದು ಹಾಕಿದೆ. ಬಿಸಿಲು ಇಳಿಯುವ ಹೊತ್ತಿಗೆ ನಲವತ್ತೆರಡೂ ಮುಗಿದವು. ನಿಜಕ್ಕೂ ಅರ್ಧ ದಿನದ ಕೆಲಸವೇ. ಜಾಲತಾಣದಲ್ಲಿರುವುದು ಈಗ ನನ್ನ ಕೈಯಲ್ಲಿಲ್ಲ, ಅದರ ಪಾಸ್‌ವರ್ಡ್ ನೆಟ್ ಸೆಂಟರಿನ ಕಾಲಕ್ಕೇ ಮರೆತುಹೋಗಿದೆ. ಲೋಕಕ್ಕೆಲ್ಲ ಅವನೇ. ನನ್ನೊಬ್ಬಳ ಫೋನಿನಲ್ಲಿ ಮಾತ್ರ ಅವರು ವೈನಿ. ಅದೂ ಅವರ ಹೆಸರಲ್ಲ, ಅವನ ಹೆಂಡತಿಯಾದ ತಪ್ಪಿಗೆ ನಾವೆಲ್ಲ ಕೂಗಿದ ಕೂಗು. ನನಗೆ ಗೊತ್ತಿರುವುದು ಅಷ್ಟೇ.